ಮನೆ ಭೇಟಿಯಲ್ಲಿ ನೀವು ನಿಜವಾಗಿ ಏನು ನೋಡುತ್ತೀರಿ?

ಫೀಲ್ಡ್‌ವರ್ಕ್ ಹುಡುಗಿ:
ನಾನು ಎಂಎಸ್‌ಡಬ್ಲ್ಯೂ (ಸಮಾಜಕಾರ್ಯದ ಸ್ನಾತಕೋತ್ತರ ಪದವಿ) ಎರಡನೇ ವರ್ಷ. ತುಮಕೂರು ಕಡೆಯ ಒಂದು ಹಳ್ಳಿಯಲ್ಲಿ ಲಕ್ವ ಹೊಡೆದ ಅಜ್ಜಿಯ ಮನೆಗೆ ಹೋಗಿದ್ದೆ. ಬಲಗೈ, ಬಲಗಾಲಿಗೆ ಶಕ್ತಿ ಇಲ್ಲ, ಕೋಲು ಹಿಡಿದು ನಾಲ್ಕು ಹೆಜ್ಜೆ ಹಾಕುತ್ತಾರೆ. ಬಚ್ಚಲು ಹಿತ್ತಲಲ್ಲಿ, ನಡುವೆ ಎತ್ತರದ ಹೊಸ್ತಿಲು. ಅದನ್ನು ತೆಗೆಸಿಬಿಡಿ ಅಂದೆ ಅಷ್ಟೆ, ಮನೆಯವರ ಮುಖ ಗಂಟಾಯಿತು. ಫಾರಂನಲ್ಲಿ ಬಾಗಿಲು, ನೀರು, ಬೆಳಕು ಅಂತ ಎಲ್ಲದಕ್ಕೂ ಟಿಕ್ ಹಾಕಿ ಬಂದಿದ್ದೀನಿ, ಆದರೂ ಏನೂ ನೋಡಿಲ್ಲ ಅನಿಸುತ್ತಿದೆ.

ಪಂಚಾಯಿತಿ ವಿಆರ್‌ಡಬ್ಲ್ಯೂ (ಅಂಗವಿಕಲರಿಗಾಗಿ ಇರುವ ಗ್ರಾಮೀಣ ಪುನರ್ವಸತಿ ಕಾರ್ಯಕರ್ತರು):
ಅಯ್ಯೋ ತಾಯಿ, ದಿನಾ ಅರಿಶಿನ ಕುಂಕುಮ ಇಡೋ ಜಾಗ ಅದು, ಮುಟ್ಟೋಕೆ ಹೋಗಬೇಡಿ! ನನಗೂ ಪೋಲಿಯೊ ಕಾಲು, ಹೊಸ್ತಿಲಿನ ಕಷ್ಟ ನನಗೆ ಗೊತ್ತು. ವೀಲ್‌ಚೇರ್ ಆದರೆ ಇಳಿಜಾರು ಬೇಕು, 1 ಇಂಚು ಎತ್ತರಕ್ಕೆ 12 ಇಂಚು ಉದ್ದ, ಅಂದರೆ 4 ಇಂಚಿನ ಹೊಸ್ತಿಲಿಗೆ ಒಂದೊಂದು ಕಡೆ 4 ಅಡಿ. ಅಷ್ಟು ಜಾಗ ಎಲ್ಲಿರುತ್ತೆ? ಅಜ್ಜಿ ನಡೆಯುತ್ತಾರಲ್ವಾ, ಗೋಡೆಗೆ ಗಟ್ಟಿ ಹಿಡಿಕೆ ಸಾಕು. ಆದರೆ ಹೋಗುವಾಗ ಎಡಕ್ಕಿದ್ದದ್ದು ಬರುವಾಗ ಬಲಕ್ಕಾಗುತ್ತೆ, ಅವರಿಗೆ ಇರೋದು ಎಡಗೈ ಒಂದೇ. ಹಾಗಾಗಿ ಬಾಗಿಲಿನ ಎರಡೂ ಪಕ್ಕ ಹಾಕಿಸಿ. ಯುಡಿಐಡಿ ಕಾರ್ಡ್, ಅಂದರೆ ಅಂಗವಿಕಲರ ಗುರುತಿನ ಚೀಟಿ, ಆಗಿದೆಯಾ ಕೇಳಿ. ಪಂಚಾಯಿತಿಯಲ್ಲಿ ಅಂಗವಿಕಲರಿಗೆ ಅಂತ ಶೇ 5ರಷ್ಟು ಹಣ ಇಡಬೇಕು, ಅರ್ಜಿ ಕೊಡಿಸಿ.

ಆಸ್ಪತ್ರೆ ಸೋಶಿಯಲ್ ವರ್ಕರ್:
ನಾನು ಒಮ್ಮೆ ಓಡಾಡಿ ಒಬ್ಬರಿಗೆ ಕಮೋಡ್ ಕುರ್ಚಿ ಕೊಡಿಸಿದ್ದೆ, ಎರಡು ತಿಂಗಳು ಬಿಟ್ಟು ಹೋದರೆ ಅದರ ಮೇಲೆ ಈರುಳ್ಳಿ ಮೂಟೆ ಇತ್ತು. ಪಡಸಾಲೆಯಲ್ಲಿ ಎಲ್ಲರ ಎದುರಿಗೆ ಹೇಗೆ ಕೂರೋದು ಅಂದರು ಆಯಮ್ಮ. ಆಮೇಲಿಂದ ನಾನು ಮನೆ ಅಳೆಯೋಕೆ ಮೊದಲು ಅವರ ದಿನ ಹೇಗೆ ಕಳೆಯುತ್ತೆ ಅಂತ ಕೇಳುತ್ತೇನೆ. ಎಷ್ಟೊತ್ತಿಗೆ ಏಳುತ್ತೀರಿ, ಕಾಫಿ ಯಾರು ಕೊಡುತ್ತಾರೆ, ಮಧ್ಯಾಹ್ನ ಎಲ್ಲಿ ಕೂರುತ್ತೀರಿ, ರಾತ್ರಿ ಎದ್ದರೆ ಯಾರನ್ನು ಕರೆಯುತ್ತೀರಿ. ಕ್ಲಾಸಿನಲ್ಲಿ ಇಕೋಮ್ಯಾಪ್ ಬರೆಸಿರುತ್ತಾರಲ್ಲ, ನಡುವೆ ಮನೆ, ಸುತ್ತ ಮಗಳು, ಪಕ್ಕದ ಮನೆ, ಆಶಾ, ದೇವಸ್ಥಾನ ಅಂತ ವೃತ್ತಗಳು, ಅದನ್ನು ಪರೀಕ್ಷೆಗೆ ಮಾತ್ರ ಇಟ್ಟುಕೊಳ್ಳಬೇಡಿ. ಮತ್ತೆ, ಅಜ್ಜಿ ಹತ್ತಿರ ಒಬ್ಬರೇ ಇದ್ದಾಗ ಮಾತಾಡಿ.

ಫೀಲ್ಡ್‌ವರ್ಕ್ ಹುಡುಗಿ:
ಇವತ್ತು ಮತ್ತೆ ಹೋಗಿದ್ದೆ. ಸೊಸೆ ಹಾಲಿನ ಡೈರಿಗೆ ಹೋದಾಗ ಕೇಳಿದೆ. ಹಗಲು ಹೊಸ್ತಿಲು ದಾಟೋಕೆ ಮೊಮ್ಮಗ ಇದ್ದಾನಂತೆ. ಕಷ್ಟ ರಾತ್ರಿಯದು. ಸೊಸೆಯನ್ನು ಎಬ್ಬಿಸಬೇಕಲ್ಲ ಅಂತ ಸಂಜೆ ಆರರ ಮೇಲೆ ಅಜ್ಜಿ ನೀರೇ ಕುಡಿಯುವುದಿಲ್ಲ. ಲೈಟಿನ ಸ್ವಿಚ್ ಮಂಚದ ಬಲಕ್ಕಿದೆ, ಕೈ ಎಟುಕಲ್ಲ. ಮಂಚ ತಿರುಗಿಸಿ ಹಾಕಿ ಬಂದೆವು, ಹಿಡಿಕೆಗೆ ಮಗ ಶನಿವಾರ ಬಡಗಿಯನ್ನು ಕರೆಸುತ್ತಾರಂತೆ. ನನ್ನ ಫಾರಂ ತೆಗೆದು ನೋಡಿದೆ, 'ಕುಡಿಯುವ ನೀರು' ಅನ್ನೋ ಕಡೆ 'ಇದೆ' ಅಂತ ಟಿಕ್ ಹಾಕಿದ್ದೀನಿ.