ಡಾಕ್ಟರ್ ಚೀಟಿ ಇದ್ದರೆ ಮಾತ್ರೆ ನುಂಗಿ ಗಾಡಿ ಓಡಿಸಬಹುದಾ?

ಪ್ರಶ್ನೆ: ಸರ್, ಆತಂಕದ ತೊಂದರೆಗೆ ಡಾಕ್ಟರ್ ನನಗೆ ರಾತ್ರಿ ಹೊತ್ತು ಕ್ಲೋನಾಜೆಪಾಮ್ ಮಾತ್ರೆ ಬರೆದುಕೊಟ್ಟಿದ್ದಾರೆ. ಬೆಳಿಗ್ಗೆ ನಾನೇ ಕಾರು ಓಡಿಸಿಕೊಂಡು ಕೆಲಸಕ್ಕೆ ಹೋಗುತ್ತೇನೆ. ಕುಡಿಯುವ ಅಭ್ಯಾಸ ಇಲ್ಲ. ಪೊಲೀಸರು ನಿಲ್ಲಿಸಿದರೆ ಚೀಟಿ ತೋರಿಸಿದರೆ ಸಾಕಲ್ವಾ?

ಉತ್ತರ (ವಕೀಲರು): ಚೀಟಿಯೊಂದೇ ಸಾಕಾಗುವುದಿಲ್ಲ. 1988ರ ಮೋಟಾರು ವಾಹನ ಕಾಯ್ದೆಯ 185ನೇ ಕಲಂ ಅಂದರೆ ಎಲ್ಲರಿಗೂ ಕುಡಿದು ಓಡಿಸುವುದಷ್ಟೇ ನೆನಪಾಗುತ್ತದೆ. ಅದರಲ್ಲಿ ಇನ್ನೊಂದು ಭಾಗವೂ ಇದೆ. ಮದ್ಯಕ್ಕೆ ಲೆಕ್ಕ ಇದೆ: 100 ಮಿ.ಲೀ. ರಕ್ತದಲ್ಲಿ 30 ಮಿ.ಗ್ರಾಂ ದಾಟಬಾರದು. ಔಷಧದ ಭಾಗದಲ್ಲಿ ಅಂಥ ಅಂಕಿ ಇಲ್ಲ. ಗಾಡಿಯನ್ನು ಹಿಡಿತದಲ್ಲಿ ಇಟ್ಟುಕೊಳ್ಳಲು ಆಗದಷ್ಟು ಅದರ ಪ್ರಭಾವ ಇತ್ತೇ ಎಂದು ನೋಡುತ್ತಾರೆ. ಡಾಕ್ಟರ್ ಬರೆದ ಮಾತ್ರೆಗೆ ವಿನಾಯಿತಿ ಎಂದು ಆ ಕಲಂನಲ್ಲಿ ಎಲ್ಲೂ ಬರೆದಿಲ್ಲ. ಹಾಗಂತ ಸುಮ್ನೆ ಮಾತ್ರೆ ತಗೊಂಡದ್ದೇ ಅಪರಾಧ ಆಗುವುದಿಲ್ಲ, ಹೆದರಬೇಡಿ. ಅಪರಾಧ ಸಾಬೀತಾದರೆ ಮೊದಲ ಸಲ 6 ತಿಂಗಳವರೆಗೆ ಜೈಲು ಅಥವಾ 10,000 ರೂಪಾಯಿ ದಂಡ, ಇಲ್ಲವೇ ಎರಡೂ.

ಪ್ರಶ್ನೆ: ಊದಿಸಿ ನೋಡುವ ಯಂತ್ರಕ್ಕೆ ಮಾತ್ರೆ ಗೊತ್ತಾಗುವುದಿಲ್ಲ ಅಲ್ವಾ ಸರ್?

ಉತ್ತರ (ವಕೀಲರು): ಅದಕ್ಕೆ ಮದ್ಯ ಮಾತ್ರ ಗೊತ್ತಾಗುತ್ತದೆ. ಆದರೆ 2019ರ ತಿದ್ದುಪಡಿಯಲ್ಲಿ ಲ್ಯಾಬ್ ಪರೀಕ್ಷೆಯ ಮಾತೂ ಸೇರಿದೆ. ಅಪಘಾತವಾಗಿ ಯಾರಿಗಾದರೂ ಪೆಟ್ಟಾದರೆ ರಕ್ತ ಪರೀಕ್ಷೆಗೆ ಹೋಗಬಹುದು. ಆಗ ನಿಮ್ಮ ಚೀಟಿಯೇ ನಿಮಗೆ ತಿರುಗುಬಾಣವಾದೀತು. ‘ಮಂಪರು ಬರಬಹುದು, ವಾಹನ ಓಡಿಸಬೇಡಿ’ ಎಂದು ಡಾಕ್ಟರ್ ಹೇಳಿದ್ದರೆ, ನಿಮಗೆ ಗೊತ್ತಿದ್ದೂ ಓಡಿಸಿದಿರಿ ಎಂದು ಎದುರಿನ ವಕೀಲರು ವಾದಿಸುತ್ತಾರೆ. ನಿಮ್ಮ ಕಾರಿನ ರಿಪೇರಿಗೆ ವಿಮಾ ಕಂಪನಿ ಕೈ ಎತ್ತುವ ಸಾಧ್ಯತೆಯೂ ಇದೆ. ಪಾಲಿಸಿಯಲ್ಲಿ ಮದ್ಯದ ಜೊತೆ ಡ್ರಗ್ಸ್ ಅಂತಲೂ ಇರುತ್ತದೆ, ಒಮ್ಮೆ ತೆಗೆದು ಓದಿ.

ಉತ್ತರ (ಔಷಧ ತಜ್ಞೆ): ಒಂದು ಮಾತು ಸೇರಿಸುತ್ತೇನೆ. ರಾತ್ರಿ ನುಂಗಿದ್ದು ಬೆಳಿಗ್ಗೆಗೆ ಇಳಿದುಹೋಗಿರುತ್ತದೆ ಅಂದುಕೊಳ್ಳಬೇಡಿ. ಕ್ಲೋನಾಜೆಪಾಮ್‌ನ ಅರ್ಧದಷ್ಟು ದೇಹದಿಂದ ಹೋಗಲಿಕ್ಕೇ ಸಾಮಾನ್ಯವಾಗಿ 30ರಿಂದ 40 ಗಂಟೆ ಬೇಕು. ಶುರು ಮಾಡಿದ ಹೊಸದರಲ್ಲಿ, ಡೋಸ್ ಏರಿಸಿದಾಗ ತುಂಬಾ ಜಾಗ್ರತೆ. ಅದರ ಜೊತೆ ಕ್ಲೋರ್‌ಫೆನಿರಮೈನ್ ಇರುವ ನೆಗಡಿ ಮಾತ್ರೆ ನುಂಗಿದರೆ ಮಂಪರು ಇನ್ನೂ ಜಾಸ್ತಿ. ಅಂಥ ದಿನ ದಯವಿಟ್ಟು ಬಸ್ ಹಿಡಿಯಿರಿ.

ಪ್ರಶ್ನೆ: ಹಾಗಾದರೆ ಮಾತ್ರೆ ಬಿಟ್ಟುಬಿಡಲಾ ಮೇಡಂ?

ಉತ್ತರ (ಔಷಧ ತಜ್ಞೆ): ಬೇಡವೇ ಬೇಡ! ಏಕಾಏಕಿ ನಿಲ್ಲಿಸಿದರೆ ಫಿಟ್ಸ್ ಬರಬಹುದು. ದಿನಾ ಗಾಡಿ ಓಡಿಸುತ್ತೇನೆ ಎಂದು ಡಾಕ್ಟರಿಗೆ ಹೇಳಿ. ಡೋಸ್ ಇಳಿಸುವುದೋ ಮಾತ್ರೆ ಬದಲಿಸುವುದೋ ಅವರೇ ನೋಡುತ್ತಾರೆ. ಅಲ್ಲಿಯವರೆಗೆ ಬೇರೆ ಯಾರಾದರೂ ಕಾರು ಓಡಿಸಲಿ.