ಪದಚರ್ಚೆ: ಕಾಲಜ್ಞಾನಿಯೋ, ಕಾಲವಾದಿಯೋ?

ಪ್ರಶ್ನೆ (ಕೊಪ್ಪಳ):

ಹಿರಿಯರಿಗೆ ನಮಸ್ಕಾರ. ಕಲ್ಪಿತ ಲೋಕವೊಂದರ ಕಥೆಗೆ ಒಂದು ಪದ ಬೇಕು. ಅಲ್ಲಿ ಊರಿಗೆಲ್ಲ ಹೊತ್ತು ತಿಳಿಸುವುದು ಅರಮನೆಯ ಗಳಿಗೆ ಬಟ್ಟಲು. ಒಬ್ಬ ವಿದ್ವಾಂಸ ಎದ್ದು ‘ಕಾಲ ಅಳತೆಗೆ ಸಿಗುವ ವಸ್ತುವಲ್ಲ, ಎಲ್ಲವನ್ನೂ ಹುಟ್ಟಿಸುವುದೇ ಅದು, ಕಳೆದ ವರ್ಷ ತಿರುಗಿ ಬರುತ್ತದೆ’ ಎನ್ನುತ್ತಾನೆ. ಅರಮನೆಗೆ ಅವನು ಬೇಡ, ಪಾಠಶಾಲೆಯ ಹುಡುಗರಿಗೆ ಅವನೇ ಬೇಕು. ‘ವಿವಾದಾತ್ಮಕ ಕಾಲಜ್ಞಾನಿ’ ಎಂದು ಬರೆದರೆ, ಇವನು ಯಾವ ಭವಿಷ್ಯ ನುಡಿದ ಎಂಬ ಪ್ರಶ್ನೆ ಏಳುತ್ತದೆ. ಬೇರೆ ಪದ ಯಾವುದು?

ಉತ್ತರ (ರಾಯಚೂರು):

ಆ ಪ್ರಶ್ನೆ ಏಳುವುದು ಸಹಜ. ನಮ್ಮ ಕಡೆ ‘ಕಾಲಜ್ಞಾನ’ ಎಂದರೆ ಮುಂದಾಗುವುದನ್ನು ನುಡಿದ ಹಾಡು, ವಚನ. ಕೊಡೇಕಲ್ಲ ಬಸವಣ್ಣನ ಪರಂಪರೆಯದೂ ಅದೇ, ವಿದ್ಯಾರಣ್ಯರ ಹೆಸರಿನಲ್ಲಿ ಓಡಾಡುವುದೂ ಅದೇ, ಬಳ್ಳಾರಿ ಕಡೆಯವರು ತೆಲುಗಿನಲ್ಲಿ ಕೇಳುವ ವೀರಬ್ರಹ್ಮೇಂದ್ರರದೂ ಅದೇ. ಮೈಲಾರದ ಗೊರವಯ್ಯ ಬಿಲ್ಲೇರಿ ನುಡಿಯುವ ಕಾರ್ಣಿಕ ಕೂಡ ಇದರ ನೆರೆಮನೆಯ ಮಾತೇ. ನಿಮ್ಮ ವಿದ್ವಾಂಸ ಭವಿಷ್ಯ ನುಡಿಯದಿದ್ದರೆ ಈ ಪದ ಬಿಟ್ಟುಬಿಡಿ.

‘ಕಾಲಜ್ಞ’ ಎನ್ನೋಣವೆಂದರೆ ಅದು ತಕ್ಕ ಹೊತ್ತು ಅರಿತವನು ಎಂದಾಗುತ್ತದೆ. ಸಂಸ್ಕೃತ ನಿಘಂಟು ತೆಗೆದರೆ ಜೋಯಿಸನಿಗೂ ಹುಂಜಕ್ಕೂ ಅದೇ ಹೆಸರು! ‘ಕಾಲಶಾಸ್ತ್ರಜ್ಞ’ನಿಗೆ ಕಾಲೇಜಿನ ವಾಸನೆ. ‘ಗಣಕ’ ಎಂದರೆ ಲೆಕ್ಕ ಹಾಕುವ ಜೋಯಿಸ, ಒಂದು ಕಾಲಕ್ಕೆ ಒಳ್ಳೆಯ ಪದ, ಈಗ ಕಂಪ್ಯೂಟರಿನ ಪಾಲಾಗಿದೆ.

ನನ್ನ ಆಯ್ಕೆ ‘ಕಾಲವಾದಿ’. ಇದು ಹೊಸದಾಗಿ ಟಂಕಿಸಿದ್ದಲ್ಲ. ಜಗತ್ತಿಗೆ ಕಾರಣವೇನು ಎಂಬ ಪ್ರಶ್ನೆಗೆ ಶ್ವೇತಾಶ್ವತರ ಉಪನಿಷತ್ತು ಪಟ್ಟಿ ಮಾಡುವ ಉತ್ತರಗಳಲ್ಲಿ ಮೊದಲನೆಯದೇ ಕಾಲ. ಸ್ವಭಾವ, ನಿಯತಿ ಆಮೇಲೆ. ಕಾಲವೇ ಕಾರಣ ಎನ್ನುವವನು ಕಾಲವಾದಿ, ನಿಮ್ಮ ಪಾತ್ರ ಹೇಳುವುದೂ ಅಷ್ಟೇ. ಆದರೆ ವಿಭಕ್ತಿ ಹಚ್ಚುವಾಗ ಜೋಕೆ. ‘ಕಾಲವಾದ’ ಎಂದರೆ ಆ ಸಿದ್ಧಾಂತ, ‘ಸತ್ತ’ ಎಂದೂ ಅರ್ಥ. ‘ಗುರುವಿನ ಕಾಲವಾದ ಊರಲ್ಲಿ ಹಬ್ಬಿತು’ ಎಂದರೆ ಸರಿ. ‘ಗುರು ಕಾಲವಾದ ಎಂದು ಊರಲ್ಲಿ ಹಬ್ಬಿತು’ ಎಂದರೆ ಹೂವಿನ ಹಾರ ತರಬೇಕಾಗುತ್ತದೆ. ಅರಮನೆಯವರು ಬೇಕೆಂದೇ ಹೀಗೆ ತಿರುಚಿ ಸುದ್ದಿ ಹಬ್ಬಿಸಿದರೆ ಕಥೆಗೆ ಉಪಯೋಗಕ್ಕೇ ಬಂತು.

ಇನ್ನು ‘ವಿವಾದಾತ್ಮಕ’. ಅದು ಹೇಳಿಕೆಗೆ, ನಡೆಗೆ ಒಪ್ಪುತ್ತದೆ. ‘ವಿವಾದಾಸ್ಪದ’ ಎನ್ನುವುದು ವಿಷಯಕ್ಕೆ. ಬ್ರಹ್ಮಗಿರಿಯ ಅಶೋಕ ಶಾಸನದಲ್ಲಿ 256 ಎಂಬ ಸಂಖ್ಯೆಯಿದೆ. ಬುದ್ಧನ ನಿರ್ವಾಣದಿಂದ ಎಣಿಸಿದ ವರ್ಷ ಎಂದವರಿದ್ದಾರೆ, ಪ್ರವಾಸದಲ್ಲಿ ಕಳೆದ ರಾತ್ರಿಗಳು ಎಂದವರಿದ್ದಾರೆ. ಅಲ್ಲಿ ಸಂಖ್ಯೆ ವಿವಾದಾಸ್ಪದ, ಅಶೋಕನಲ್ಲ. ವ್ಯಕ್ತಿಗೆ ಪತ್ರಿಕೆಗಳು ‘ವಿವಾದಿತ’ ಎನ್ನುತ್ತವೆ. ಆದರೆ ‘ವಿವಾದಿತ ಕಾಲವಾದಿ’ಯಲ್ಲಿ ‘ವಾದ’ ಎರಡು ಸಲ ಬಂದು ಕಿವಿಗೆ ಕಲ್ಲು ಹೊಡೆದಂತಾಗುತ್ತದೆ.

ಬಜಾರಿನವರ ಬಾಯಲ್ಲಿ ‘ತಕರಾರಿನ ಪಂಡಿತ’ ಎನ್ನಿಸಿ. ‘ತಕರಾರು ಅರ್ಜಿ’ ನಮ್ಮ ಕಚೇರಿಗಳಲ್ಲಿ ದಿನಾ ಕೇಳುವ ಮಾತು. ಅರಬ್ಬಿಯಲ್ಲಿ ತಕ್ರಾರ್ ಎಂದರೆ ಮತ್ತೆ ಮತ್ತೆ ಆಗುವುದು, ಪುನರಾವೃತ್ತಿ. ಆಡಿದ್ದನ್ನೇ ಆಡುವುದರಿಂದ ಜಗಳದ ಅರ್ಥ ಬಂದು, ಆ ಅರ್ಥವೇ ನಮ್ಮಲ್ಲಿ ಉಳಿಯಿತು. ಕಾಲ ಮರಳುತ್ತದೆ ಎನ್ನುವವನಿಗೆ ಇದಕ್ಕಿಂತ ತಕ್ಕ ಬಿರುದು ನನಗೆ ತೋಚದು. ಬಿಡಿಸಿ ಹೇಳಬೇಡಿ, ತಿಳಿದವರು ನಗಲಿ.

ಒಂದು ತೊಡಕು ಮಾತ್ರ ಇದೆ. ವರ್ಷ ತಿರುಗಿ ಬರುತ್ತದೆ ಎಂದರೆ ಕನ್ನಡದ ಓದುಗ ಬೆಚ್ಚುವುದಿಲ್ಲ. 1987ರಲ್ಲಿ ಬಂದ ಪ್ರಭವ ಸಂವತ್ಸರ 60 ವರ್ಷ ಕಳೆದು 2047ರಲ್ಲಿ ಮತ್ತೆ ಬರುವುದು ಪಂಚಾಂಗ ನೋಡುವವರಿಗೆಲ್ಲ ಗೊತ್ತು. ಹೆಸರಷ್ಟೇ ಅಲ್ಲ, ಅದೇ ವರ್ಷ, ಅದೇ ಜನ ಬರುತ್ತಾರೆ ಎಂದು ಅವನು ಹೇಳಿದರೆ ಮಾತ್ರ ಅರಮನೆ ಸಿಟ್ಟಾದದ್ದು ನಂಬುವಂತಿರುತ್ತದೆ.

ಸೇರಿಕೆ (ಬಳ್ಳಾರಿ):

ಮೇಲಿನವರು ಬಟ್ಟಲನ್ನು ಮುಟ್ಟಲೇ ಇಲ್ಲ. ಬುಡದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರ ಮೇಲೆ ತೇಲಿಬಿಟ್ಟರೆ ಅದು ತುಂಬಿ ಮುಳುಗಲು 24 ನಿಮಿಷ: ಅದು ಒಂದು ಗಳಿಗೆ. 60 ಸಲ ಮುಳುಗಿದರೆ ಒಂದು ದಿನ, ಏಳೂವರೆ ಗಳಿಗೆಗೆ ಒಂದು ಜಾವ. ಹಳಗನ್ನಡ ಬೇಕಿದ್ದರೆ ‘ಗಳಿಗೆವಟ್ಟಲು’. ನಮ್ಮ ಸವಳು ನೀರಿನಂಥದ್ದಾದರೆ ತೂತಿನ ಅಂಚಿಗೆ ಸುಣ್ಣ ಕಟ್ಟಿ ನೀರು ನಿಧಾನ ಏರುತ್ತದೆ. ಬಟ್ಟಲು 25 ನಿಮಿಷಕ್ಕೆ ಮುಳುಗತೊಡಗಿದರೆ ಸಾಕು, ಅರಮನೆಯ ದಿನ 25 ಗಂಟೆಯದಾಗಿ, ಹನ್ನೆರಡು ದಿನಕ್ಕೆ ಹಗಲೆಂದು ಸಾರಿದ್ದು ರಾತ್ರಿಯಾಗಿರುತ್ತದೆ. ಆಳು ತಂತಿ ಹಾಕಿ ಕೆರೆದರೆ ತೂತು ಅಗಲವಾಗಿ ಗಳಿಗೆ ಕುಗ್ಗುತ್ತದೆ. ನೀರು ತಣ್ಣಗಾದರೆ ಮತ್ತೆ ಹಿಗ್ಗುತ್ತದೆ. ಕಾಲವಾದಿಗೆ ವಾದ ಹೂಡಲು ಇಷ್ಟು ಸಾಕು.

‘ಹೊತ್ತು’ ಬಳಸುವಾಗಲೂ ನೋಡಿ. ‘ಹೊತ್ತು ಹುಟ್ಟಿತು, ಹೊತ್ತು ಮುಳುಗಿತು’ ಎಂದಾಗ ಹೊತ್ತು ಎಂದರೆ ಸೂರ್ಯನೇ. ನಿಮ್ಮ ಲೋಕಕ್ಕೆ ಸೂರ್ಯನಿಲ್ಲದಿದ್ದರೆ, ಅಥವಾ ಇಬ್ಬರಿದ್ದರೆ, ಆ ಪದ ಹಾಗೇ ನಡೆಯದು. ಅಲ್ಲಿ ‘ವೇಳೆ’ ಹಾಕಿ, ಮಾತಿನಲ್ಲಿ ‘ವ್ಯಾಳ್ಯಾ’. ಬಟ್ಟಲಿನ ಆಳು ‘ವ್ಯಾಳ್ಯಾ ಆತ್ರೀ’ ಎಂದು ಕೂಗಿದರೆ ಯಾವ ಸೂರ್ಯನ ಹಂಗೂ ಇಲ್ಲ.