‘ಟಾಂಗಾಟಾ ಫೆನುವಾ’: ಮಣ್ಣಿನ ಮಕ್ಕಳೋ, ನೆಲದವರೋ?

ಗೆಳೆಯರೇ,

ನ್ಯೂಜಿಲೆಂಡಿನ ಮಾವೊರಿ ಜನರ ಬಗ್ಗೆ ಒಂದು ಬರಹವನ್ನು ಕನ್ನಡಕ್ಕೆ ತರುತ್ತಿದ್ದೇನೆ, ಮೂರು ದಿನದಿಂದ ಒಂದೇ ಪದದ ಮುಂದೆ ಕೂತಿದ್ದೇನೆ. ಅವರು ತಮ್ಮನ್ನು ‘ಟಾಂಗಾಟಾ ಫೆನುವಾ’ ಅಂತ ಕರೆದುಕೊಳ್ಳುತ್ತಾರೆ. ಟಾಂಗಾಟಾ ಅಂದರೆ ಜನ, ಫೆನುವಾ ಅಂದರೆ ನೆಲ. ಇಷ್ಟೇ ಆಗಿದ್ದರೆ ಸುಲಭವಿತ್ತು. ಆದರೆ ಹೆರಿಗೆಯಾದ ಮೇಲೆ ಬೀಳುವ ಮಾಸಿಗೂ ಅವರು ಫೆನುವಾ ಅಂತಲೇ ಅನ್ನುತ್ತಾರೆ, ಅದನ್ನು ಹಿರಿಯರ ನೆಲದಲ್ಲಿ ಹೂಳುವ ರೂಢಿಯೂ ಇದೆ.

ಮೊದಲು ‘ಮೂಲನಿವಾಸಿಗಳು’ ಅಂತ ಬರೆದೆ. ತಪ್ಪೇನಲ್ಲ, ಆದರೆ ಸರ್ಕಾರಿ ಅರ್ಜಿಯ ವಾಸನೆ, ಅದರಲ್ಲಿ ನೆಲವೇ ಇಲ್ಲ. ‘ಮಣ್ಣಿನ ಮಕ್ಕಳು’ ಹತ್ತಿರದ್ದು, ಆದರೆ ನಮ್ಮಲ್ಲಿ ಅದು ರೈತರಿಗೆ ಮೀಸಲು, ಚುನಾವಣೆ ಭಾಷಣಗಳಲ್ಲಿ ಸವೆದೂ ಹೋಗಿದೆ, ಅಲ್ವಾ? ಗೆಳತಿಯೊಬ್ಬಳು ‘ನೆಲದ ಒಡೆಯರು’ ಅಂತ ಹಾಕು ಅಂದಳು. ಅದಂತೂ ಪೂರ್ತಿ ತಲೆಕೆಳಗು. 2014ರಲ್ಲಿ ಟೆ ಉರೆವೆರಾ ಕಾಡು ರಾಷ್ಟ್ರೀಯ ಉದ್ಯಾನ ಅನ್ನಿಸಿಕೊಳ್ಳುವುದು ನಿಂತಾಗ ಕಾನೂನು ಅದನ್ನು ಸರ್ಕಾರದ ಹೆಸರಿಗೂ ಬರೆಯಲಿಲ್ಲ, ಅಲ್ಲಿನ ಟೂಹೋಯ್ ಅನ್ನುವ ಮಾವೊರಿ ಬುಡಕಟ್ಟಿನ ಹೆಸರಿಗೂ ಬರೆಯಲಿಲ್ಲ, ಕಾಡನ್ನೇ ಒಬ್ಬ ವ್ಯಕ್ತಿ ಅಂತ ಒಪ್ಪಿಕೊಂಡಿತು. 2017ರಲ್ಲಿ ವಾಂಗನುಯಿ ನದಿಗೂ ಅಂಥದ್ದೇ ಕಾನೂನು ಬಂತು. ‘ನಾನೇ ನದಿ, ನದಿಯೇ ನಾನು’ ಅನ್ನುವ ಗಾದೆ ಅಲ್ಲಿಯದು. ಅವರನ್ನು ಒಡೆಯರು ಅನ್ನುವುದು ಹೇಗೆ?

ಈಗ ಮನಸ್ಸು ‘ನೆಲದವರು’ ಕಡೆ ವಾಲಿದೆ. ‘ನಿಮ್ಮದು ಯಾವ ಊರು’ ಅಂತ ಕೇಳಿದರೆ ಊರು ನಮ್ಮದಾಗುತ್ತದೆ, ‘ಯಾವ ಊರಿನವರು’ ಅಂದರೆ ನಾವೇ ಊರಿಗೆ ಸೇರಿಬಿಡುತ್ತೇವೆ. ನನಗೆ ಬೇಕಾದ್ದು ಈ ಎರಡನೆಯದು. ಇನ್ನೊಂದು ಲಾಭವೂ ಇದೆ, ಆಮೇಲೆ ಬಂದ ಬಿಳಿಯರನ್ನು ‘ನೆಲೆಸಿದವರು’ ಅನ್ನಬಹುದು. ನೆಲದವರು, ನೆಲೆಸಿದವರು: ಎರಡೂ ಒಂದೇ ಬೇರಿನವು ಅಂತ ಕೇಳಿಸುತ್ತವೆ, ಆದರೂ ಬ್ರಿಟಿಷರಿಗೂ ಮಾವೊರಿ ಮುಖಂಡರಿಗೂ ನಡುವೆ ಆದ 1840ರ ವೈಟಾಂಗಿ ಒಪ್ಪಂದದಿಂದ ಹಿಡಿದು ಇವತ್ತಿನವರೆಗಿನ ಜಗಳವೆಲ್ಲ ಅವುಗಳ ನಡುವೆಯೇ. (ಸುಮ್ನೆ ಖುಷಿಪಡುತ್ತಿದ್ದೇನೋ ಏನೋ, ಹೇಳಿ.)

ವಾಕ್ಯದಲ್ಲಿ ಇಟ್ಟು ನೋಡಿದೆ: ‘1975ರಲ್ಲಿ ಮಾವೊರಿ ನಾಯಕಿ ಫಿನಾ ಕೂಪರ್ ಜೊತೆ ನೆಲದವರು ಉತ್ತರದ ತುದಿಯಿಂದ ವೆಲಿಂಗ್ಟನ್ನಿನ ಸಂಸತ್ತಿನ ತನಕ ನಡೆದರು, ಇನ್ನೊಂದು ಎಕರೆಯೂ ಕೈತಪ್ಪಬಾರದು ಅಂತ.’ ನನಗೆ ಸರಿ ಅನಿಸುತ್ತದೆ. ಮೊದಲ ಸಲ ಓದುವವರಿಗೆ ನೆಲದ ಮೇಲೆ ಕೂತವರು ಅಂತ ಕೇಳಿಸುತ್ತದಾ?

ಇನ್ನೊಂದು ಸಣ್ಣ ಪ್ರಶ್ನೆ. ‘ಮಾಸು’ ಅಂತ ಬರೆದರೆ ಈಗಿನವರಿಗೆ ಬಟ್ಟೆಯ ಬಣ್ಣ ಮಾಸುವುದೇ ಜಾಸ್ತಿ ನೆನಪಾಗುತ್ತದೆ. ನಿಮ್ಮ ಕಡೆ ಹೆರಿಗೆ ಮಾಡಿಸುವ ಅಜ್ಜಿಯರು ಬೇರೆ ಪದ ಬಳಸುತ್ತಿದ್ದರೆ ತಿಳಿಸಿ.